ಒಂದು ಮಾತ್ರೆ ಎಲ್ಲಿ ಹೋಯ್ತು: ಸಂಗೀತದ ಡಾಕ್ಯುಮೆಂಟರಿ ಎಡಿಟ್ ಮಾಡ್ತಾ ಕಲ್ತಿದ್ದು

ನಾನು ಎಡಿಟಿಂಗ್ ಕಲ್ತಿದ್ದು ಮದುವೆ ವಿಡಿಯೋಗಳಲ್ಲಿ. ಆಗ ಮಿನಿ ಡಿವಿ ಟೇಪು, 60 ನಿಮಿಷದ ಟೇಪನ್ನ ಕಂಪ್ಯೂಟರಿಗೆ ಇಳಿಸೋಕೆ ಪೂರ್ತಿ 60 ನಿಮಿಷ ಬೇಕಿತ್ತು, ಪಕ್ಕದಲ್ಲೇ ಕೂತಿರ್ಬೇಕು, ಒಂದು ಮದುವೆಗೆ ಏಳೆಂಟು ಟೇಪು. ಫುಟೇಜನ್ನ ಓಡಿಸದೆ ಪೂರ್ತಿ ನೋಡೋ ಅಭ್ಯಾಸ ಅಲ್ಲೇ ಬಂತು, ಇವತ್ತಿಗೂ ಬಿಟ್ಟಿಲ್ಲ.

ಆಮೇಲೆ ಹುಬ್ಬಳ್ಳಿ ಕಡೆಯ ಹಿರಿಯ ಗಾಯಕರೊಬ್ರ ಬಗ್ಗೆ ಡಾಕ್ಯುಮೆಂಟರಿ ಎಡಿಟ್ ಮಾಡೋಕೆ ಕರೆ ಬಂತು. ಅವರು ಹಾಡಿದ್ದು ವಿಲಂಬಿತ್ ಏಕತಾಲದಲ್ಲಿ, ನಿಧಾನದ ತಾಳ, ಒಂದು ಸುತ್ತಿಗೆ 12 ಮಾತ್ರೆ ಅಂದ್ರೆ 12 ಎಣಿಕೆ, ಅವರ ಲಯಕ್ಕೆ ಒಂದು ಸುತ್ತು, ಅದೇ ಆವರ್ತನ, ಮುಗಿಯೋಕೆ ಹತ್ತತ್ರ 50 ಸೆಕೆಂಡ್. ನಿರ್ದೇಶಕರು ಹಾಡು ಒಂದೂವರೆ ನಿಮಿಷದಲ್ಲಿ ಮುಗೀಲಿ ಅಂದ್ರು. ಗಾಯಕರು ಉಸಿರು ತಗೊಳ್ಳೋ ಜಾಗ ನೋಡಿ ಕಟ್ ಮಾಡ್ದೆ, ಸೌಂಡಲ್ಲಿ ಒಂಚೂರೂ ಜಿಗಿತ ಇಲ್ಲ, ಸರಿಯಾಗೇ ಇದೆ ಅನ್ಕೊಂಡೆ.

ಅದನ್ನ ಅವತ್ತು ತಬಲಾ ನುಡಿಸಿದ್ದ ಮಾಸ್ತರಿಗೆ ತೋರಿಸ್ದೆ. ಕುರ್ಚೀಲಿ ಕೂತು ನೋಡ್ತಿದ್ರು, ಬಲಗೈ ತೊಡೆ ಮೇಲಿತ್ತು, ಬೆರಳು ತನ್ನಷ್ಟಕ್ಕೆ ಠೇಕಾ, ಅಂದ್ರೆ ತಾಳದ ಪೆಟ್ಟು, ಎಣಿಸ್ತಾ ಇತ್ತು. ಪರದೆ ಮೇಲೆ ಸಮ್, ಅಂದ್ರೆ ಆವರ್ತನದ ಮೊದಲ ಮಾತ್ರೆ, ಬಂದಾಗ ಅವರ ಬೆರಳು ಇನ್ನೂ ಹನ್ನೆರಡನೇ ಮಾತ್ರೆಯಲ್ಲೇ ಇತ್ತು, ಹಂಗೇ ನಿಂತುಬಿಡ್ತು. "ತಮ್ಮಾ, ಒಂದ್ ಮಾತ್ರಾ ಎಲ್ಲಿ ಹೋತಪಾ?" ಅಂದ್ರು. ಬೈಯ್ಲಿಲ್ಲ, ಆದ್ರೆ ಅವರ ಮುಖದಲ್ಲಿ ನೋವಿತ್ತು.

ಉಸಿರು ನೋಡಿ ಮಾಡಿದ ಕಟ್ಟಲ್ಲಿ ಒಂದು ಮಾತ್ರೆ ಹಾರಿಹೋಗಿತ್ತು. ಅವತ್ತು ರಾತ್ರಿಯೇ ಕೂತು ಪೂರ್ತಿ ಬಿಚ್ಚಿ ಮತ್ತೆ ಕಟ್ಟಿದೆ. ತೆಗೆದ್ರೆ ಸಮ್ಮಿಂದ ಸಮ್ಮಿಗೆ ಇಡೀ ಆವರ್ತನ ತೆಗೀಬೇಕು, ಇಲ್ಲಾ ಮುಟ್ಟಬಾರ್ದು. ಆಮೇಲೆ ಎರಡು ವರ್ಷ ತಬಲಾ ಪಾಠಕ್ಕೂ ಹೋದೆ, ನುಡಿಸೋಕಲ್ಲ, ಎಣಿಸೋದು ಕಲಿಯೋಕೆ. ಈಗ ಚಿತ್ರಕ್ಕೆ ಕೈ ಹಾಕೋ ಮೊದ್ಲು ಟೈಮ್‌ಲೈನಲ್ಲಿ ಪ್ರತಿ ಸಮ್ಮಿಗೂ ಮಾರ್ಕರ್ ಹಾಕ್ತೀನಿ.

ಆದ್ರೆ ಚಿತ್ರವನ್ನ ಸಮ್ ಮೇಲೆ ಕಟ್ ಮಾಡ್ಬೇಡಿ. ಸಿನಿಮಾ ಹಾಡಲ್ಲಿ ಬೀಟಿಗೆ ಕಟ್ ಮಾಡಿದ್ರೆ ಚೆಂದ, ಇಲ್ಲಿ ಹಂಗಲ್ಲ. ಸಮ್ ಹತ್ರ ಬಂದಾಗ ಗಾಯಕರು ತಬಲಾದವರ ಕಡೆ ಒಂದು ಸಲ ನೋಡ್ತಾರೆ, ಇಬ್ರೂ ಒಟ್ಟಿಗೆ ಬಂದು ಸೇರ್ತಾರೆ, ಕೇಳೋರ ತಲೆ ತೂಗತ್ತೆ, ಅಲ್ಲೀವರೆಗೂ ಆ ಶಾಟ್ ಬಿಡಬಾರ್ದು.

ಸಣ್ಣದು ಅನ್ಸಿದ್ರೂ ತುಂಬಾ ಕೈ ಹಿಡಿಯೋ ಇನ್ನೊಂದು ಕೆಲಸ ಇದೆ. ಕಚೇರಿ ಮುಗಿದ ತಕ್ಷಣ, ತಂಬೂರಿ ಶ್ರುತಿ ಇಳಿಸೋ ಮೊದ್ಲು, ಅದೇ ಜಾಗದಲ್ಲಿ ಬರೀ ತಂಬೂರಿ ಐದು ನಿಮಿಷ ರೆಕಾರ್ಡ್ ಮಾಡ್ಕೊಳ್ಳಿ. ಕಟ್ ಮಾಡಿದ ಜೋಡಣೆಗಳ ಕೆಳಗೆ ಅದನ್ನ ಹಾಸಿದ್ರೆ ಕಿವಿಗೆ ಗೊತ್ತೇ ಆಗಲ್ಲ, ಎಲೆಕ್ಟ್ರಾನಿಕ್ ತಂಬೂರಿ ಹಾಕಿದ್ರೆ ಹೊಂದಲ್ಲ. ಮತ್ತೆ ಚಿತ್ರ ಸೌಂಡ್ ಹೊಂದಿಸೋಕೆ ಕ್ಯಾಮೆರಾ ಮುಂದೆ ಚಪ್ಪಾಳೆ ಶುರುವಲ್ಲೂ ಕೊನೇಲೂ ಹೊಡೀರಿ, ಯಾಕಂದ್ರೆ ಒಂದು ಗಂಟೆ ರಾಗದಲ್ಲಿ ಕ್ಯಾಮೆರಾ ಮತ್ತೆ ರೆಕಾರ್ಡರ್ ಸ್ವಲ್ಪ ಸ್ವಲ್ಪ ದೂರ ಸರೀತಾವೆ, ಸೆಕೆಂಡಿಗೆ 25 ಫ್ರೇಮ್ ಲೆಕ್ಕದಲ್ಲಿ ಒಂದು ಫ್ರೇಮಂದ್ರೆ 40 ಮಿಲಿಸೆಕೆಂಡ್, ತಬಲಾ ಪೆಟ್ಟು ಎರಡು ಮೂರು ಫ್ರೇಮ್ ಹಿಂದೆ ಬಿದ್ರೂ ಕಣ್ಣಿಗೆ ಚುಚ್ಚತ್ತೆ.

ನಿರ್ದೇಶನಕ್ಕೆ ಬಂದಿದ್ದು ಫುಟೇಜಲ್ಲಿ ನನಗೆ ಬೇಕಾಗಿದ್ದು ಸಿಗದೇ ಇದ್ದಿದ್ದಕ್ಕೆ. ಮುಖದ ಕ್ಲೋಸಪ್ ರಾಶಿ ಇರೋದು, ಕೈ ಇರಲ್ಲ, ಕೇಳೋರು ಇರಲ್ಲ. ನನ್ನ ಮೊದಲ ಸ್ವಂತ ಕೆಲಸ ಮಿರಜ್‌ನ ತಂಬೂರಿ ಮಾಡೋರ ಬಗ್ಗೆ. ಮಿರಜ್ ಮಹಾರಾಷ್ಟ್ರದಲ್ಲಿದ್ರೂ ಧಾರವಾಡ ಕಡೆ ಸಂಗೀತದವರಿಗೆ ಪಕ್ಕದ ಮನೆ ಇದ್ದಂಗೆ. ಹೆಸರಾಂತ ಗಾಯಕ ಅಬ್ದುಲ್ ಕರೀಂ ಖಾನ್ ನೆಲೆಸಿದ್ದು ಅಲ್ಲಿ, ಅವರ ಶಿಷ್ಯ ನಮ್ಮ ಕುಂದಗೋಳದ ಸವಾಯಿ ಗಂಧರ್ವರು, ಸವಾಯಿ ಗಂಧರ್ವರ ಹತ್ರ ಕಲ್ತೋರು ಗಂಗೂಬಾಯಿ ಹಾನಗಲ್ಲರು, ಭೀಮಸೇನ ಜೋಶಿಯವರು. ಮಿರಜ್ ತಂಬೂರಿಗೆ 2024ರಲ್ಲಿ ಜಿಐ ಟ್ಯಾಗ್, ಅಂದ್ರೆ ಆ ಊರಿನದ್ದೇ ವಸ್ತು ಅನ್ನೋ ಗುರುತು, ಕೂಡ ಸಿಕ್ತು.

ಅಲ್ಲಿ ಜವಾರಿ ತೆಗೆಯೋದನ್ನ, ಅಂದ್ರೆ ತಂಬೂರಿಯ ನಾದ ಹದ ಮಾಡೋದನ್ನ, 40 ನಿಮಿಷ ಬಿಡದೆ ಶೂಟ್ ಮಾಡ್ದೆ. ಕುದುರೆಯನ್ನ, ಅಂದ್ರೆ ತಂತಿ ಕೂರೋ ಪಟ್ಟಿಯನ್ನ, ಒಂದೆರಡು ಸಲ ಉಜ್ಜೋದು, ತಂತಿ ಮೀಟೋದು, ಕಿವಿ ಹತ್ರ ತಂದು ಕೇಳೋದು, ಮತ್ತೆ ಉಜ್ಜೋದು. ಕೊನೆಗೆ ತಂತಿ ಕೆಳಗಿನ ನೂಲನ್ನ, ಜೀವಾಳ ಅಂತೀವಲ್ಲ ಅದನ್ನ, ಕೂದಲೆಳೆಯಷ್ಟು ಸರಿಸಿದ್ರು ನೋಡಿ, ಅಲ್ಲೀವರೆಗೆ ಮಂಕಾಗಿದ್ದ ನಾದ ಒಮ್ಮೆಗೇ ಅರಳ್ತು. ಚಿತ್ರದಲ್ಲಿ ಅದರ ಕೊನೇ ಆರು ನಿಮಿಷ ಕಟ್ ಇಲ್ದೆ, ವಾಯ್ಸ್ ಓವರ್ ಇಲ್ದೆ ಇಟ್ಟಿದೀನಿ. ಕಮ್ಮಿ ಮಾಡಿ ಅಂತ ಬಹಳ ಜನ ಹೇಳಿದ್ರು, ನಾನು ಒಪ್ಲಿಲ್ಲ.

ಹೊಟ್ಟೆಪಾಡಿಗೆ ಈಗ್ಲೂ ಜಾಹೀರಾತು ಎಡಿಟ್ ಮಾಡ್ತೀನಿ, ಇದೊಂದರಲ್ಲೇ ಮನೆ ನಡೆಯಲ್ಲ.

ಹಕ್ಕುಗಳ ವಿಷಯ ಮಾತ್ರ ಮೊದ್ಲೇ ನೋಡ್ಕೊಳ್ಳಿ. ಹಳೇ ಶರಣರ ವಚನಕ್ಕೆ ಕಾಪಿರೈಟ್ ಇಲ್ಲ, ಆದ್ರೆ ಅದನ್ನ ಹಾಡಿದ ರೆಕಾರ್ಡಿಂಗಿಗೆ ಬಿಡುಗಡೆಯಾದ ಮೇಲೆ 60 ವರ್ಷ ಇರತ್ತೆ, ಹಾಡಿದವರ ಹಕ್ಕು ಬೇರೆ, ಅದು 50 ವರ್ಷ. 20 ಸೆಕೆಂಡಿನ ಒಂದು ಹಳೇ ತುಣುಕಿಗೆ ಒಂದು ಕಂಪನಿ ನನ್ನ ಅರ್ಧ ಬಜೆಟ್ ಕೇಳ್ತು, ಕೊನೆಗೆ ಅದನ್ನ ತೆಗೆದು ಅದರಲ್ಲಿ ಹಾಡಿದವರ ಶಿಷ್ಯರೊಬ್ರ ಹತ್ರ ಅದೇ ಬಂದಿಶ್, ಅಂದ್ರೆ ಅದೇ ರಚನೆ, ಹಾಡಿಸಿ ಹಾಕ್ದೆ. ಹಾರ್ಮೋನಿಯಂ, ತಬಲಾ, ಹಿಂದೆ ಕೂತು ತಂಬೂರಿ ಮೀಟೋ ಹುಡುಗಿ, ಎಲ್ಲರ ಒಪ್ಪಿಗೆ ಪತ್ರಾನೂ ಕ್ಯಾಮೆರಾ ಆನ್ ಮಾಡೋ ಮೊದ್ಲೇ ತಗೊಳ್ಳಿ. ಆ ಪತ್ರ ಕನ್ನಡದಲ್ಲೇ ಇರ್ಲಿ, ಓದಿ ಹೇಳಿ, ಆಮೇಲೆ ಸಹಿ ಹಾಕಿಸ್ಕೊಳ್ಳಿ.