ಮಧ್ಯಂತರ ಜೀವನಾಂಶದ ಅರ್ಜಿ ಕೊನೆಗೂ ಮುಂದೆ ಸಾಗಿದ್ದು ಹೀಗೆ

ವಿಚ್ಛೇದನದ ಕೇಸಿನಲ್ಲೇ ಹಿಂದೂ ವಿವಾಹ ಕಾಯ್ದೆಯ ಸೆಕ್ಷನ್ 24ರಡಿ ಮಧ್ಯಂತರ ಜೀವನಾಂಶ, ಅಂದ್ರೆ ಕೇಸು ಮುಗಿಯೋವರೆಗಿನ ಜೀವನಾಂಶ, ಕೇಳಿದ್ದೆ. ಏಳು ತಿಂಗಳು ಬರೀ ತಾರೀಖು. ನೋಟಿಸ್ ಜಾರಿಯಾದ 60 ದಿನದಲ್ಲಿ ಆದಷ್ಟು ಮಟ್ಟಿಗೆ ಮುಗಿಸಬೇಕು ಅಂತ ಕಾಯ್ದೆಯಲ್ಲೇ ಇದೆ. ಅದನ್ನು ತೋರಿಸಿ ಕೋರ್ಟಿಗೆ ಮೆಮೊ (ಚಿಕ್ಕ ಲಿಖಿತ ಮನವಿ) ಹಾಕಿದರೂ ಕೆಲಸವಾಗಲಿಲ್ಲ. ಗಂಡನ ಹೊಸ ಕಾರಿನ ಫೋಟೊ ಕೊಟ್ಟಿದ್ದೂ ಸುಮ್ನೆ.

ಕೊರತೆ ಇದ್ದಿದ್ದು ನನ್ನ ಕಡೆಯೇ. ಸುಪ್ರೀಂ ಕೋರ್ಟಿನ 2020ರ ರಜನೇಶ್–ನೇಹಾ ತೀರ್ಪಿನ ಪ್ರಕಾರ ಇಬ್ಬರೂ ಆಸ್ತಿ-ಸಾಲದ ಅಫಿಡವಿಟ್ (ಪ್ರಮಾಣ ಮಾಡಿ ಕೊಡುವ ಲಿಖಿತ ಹೇಳಿಕೆ) ಕೊಡಲೇಬೇಕು. ಮೊದಲು ನನ್ನದನ್ನು ಹಾಕಿದೆ. ತೀರ್ಪಿನ ಜೊತೆಗಿರುವ ನಮೂನೆಯಲ್ಲೇ. ಬಾಡಿಗೆ, ಔಷಧಿ, ಮಗಳ ಫೀಸು ಬೇರೆ ಬೇರೆ ಸಾಲಿನಲ್ಲಿ, ಬ್ಯಾಂಕ್ ಸ್ಟೇಟ್‌ಮೆಂಟ್ ಸಮೇತ. ಟ್ಯೂಷನ್ನಿನಿಂದ ನನಗೆ ಬರುವ ನಾಲ್ಕು ಸಾವಿರವನ್ನೂ ಬರೆದೆ. ಮುಚ್ಚಿಟ್ಟರೆ ಸಿಕ್ಕಿಬೀಳೋದು ನಾವೇ ಅಲ್ವಾ?

ಆಮೇಲೆ ಗಂಡನ ಅಫಿಡವಿಟ್ ಕೊಡಿಸಿ ಅಂತ ಅರ್ಜಿ: ನಾಲ್ಕು ವಾರ ಗಡುವು, ಬೇಕಂತಲೇ ಎಳೆದರೆ ಅವರ ವಾದವನ್ನೇ ತೆಗೆದುಹಾಕಬಹುದು ಅಂತ ಅದೇ ತೀರ್ಪಿನ ಸಾಲು ಉಲ್ಲೇಖಿಸಿ. ಮುಂದಿನ ತಾರೀಖಿಗೇ ಸಂಬಳದ ಚೀಟಿ ಬಂತು. ಜೀವನಾಂಶ ಅರ್ಜಿ ಹಾಕಿದ ದಿನದಿಂದಲೇ ಲೆಕ್ಕವಾಯಿತು.