ಮೀಟರಿನ ಮಿನುಗು ಎಣಿಸಿ ಕರೆಂಟಿನ ಲೆಕ್ಕ ಹಿಡಿಯುವುದು

ಗೃಹಜ್ಯೋತಿ ಯೋಜನೆಯಲ್ಲಿ ತಿಂಗಳ ಬಳಕೆ 200 ಯೂನಿಟ್ ದಾಟಿದರೆ ಪೂರ್ತಿ ಬಿಲ್ಲನ್ನು ನಾವೇ ಕಟ್ಟಬೇಕಾಗುವುದರಿಂದ, ಬೆಸ್ಕಾಂ ಬಿಲ್ಲು ಬರುವವರೆಗೂ ಕಾಯದೆ ನಡುವೆಯೇ ಒಮ್ಮೆ ಅಂದಾಜು ಮಾಡಿಕೊಳ್ಳುವುದು ಒಳ್ಳೆಯದು. ಡಿಜಿಟಲ್ ಮೀಟರಿನ ಮೇಲೆ 3200 ಅಥವಾ 1600ರಂತಹ ಒಂದು ಸಂಖ್ಯೆ ಅಚ್ಚಾಗಿರುತ್ತದೆ. ಒಂದು ಯೂನಿಟ್ (1000 ವ್ಯಾಟಿನ ಉಪಕರಣ ಒಂದು ಗಂಟೆ ನಡೆದಷ್ಟು ಕರೆಂಟ್) ಖರ್ಚಾಗುವಷ್ಟರಲ್ಲಿ ಅದರ ಕೆಂಪು ದೀಪ ಅಷ್ಟು ಸಲ ಮಿನುಗುತ್ತದೆ ಎಂದರ್ಥ.

ಕಳೆದ ವಾರ ರಾತ್ರಿ ಫ್ರಿಜ್ ಸೇರಿದಂತೆ ಎಲ್ಲವನ್ನೂ ಆರಿಸಿದೆನೆಂದುಕೊಂಡು, ಮೆಟ್ಟಿಲ ಕೆಳಗಿನ ಮೀಟರ್ ಪೆಟ್ಟಿಗೆಯ ಮುಂದೆ ಗಡಿಯಾರ ಹಿಡಿದು ನಿಂತೆ. (ಪಕ್ಕದ ಮನೆಯವರು ಕರೆಂಟ್ ಹೋಯಿತೇ ಎಂದು ವಿಚಾರಿಸಿದರು.) ಆದರೂ ದೀಪ ನಿಮಿಷಕ್ಕೆ ಎರಡು ಸಲ ಮಿನುಗುತ್ತಿತ್ತು. ನಮ್ಮದು 3200ರ ಮೀಟರಾದ್ದರಿಂದ, ಗಂಟೆಗೆ 120 ಮಿನುಗು ಎಂದರೆ ಸುಮಾರು 37 ವ್ಯಾಟ್, ಅಂದರೆ ಹಗಲೂ ರಾತ್ರಿಯೂ ಹೀಗೇ ನಡೆದರೆ ತಿಂಗಳಿಗೆ 27 ಯೂನಿಟ್. ಹುಡುಕಿದಾಗ ಸಿಕ್ಕಿದ್ದು ರಿಮೋಟಿನಿಂದಷ್ಟೇ ಆರಿಸಿದ್ದ ಟಿವಿ, ಸೆಟ್‌ಟಾಪ್ ಬಾಕ್ಸ್ ಮತ್ತು ಹಳೆಯ ಇನ್ವರ್ಟರ್. ಮೊದಲೆರಡನ್ನು ಈಗ ಗೋಡೆಯ ಸ್ವಿಚ್ಚಿನಲ್ಲೇ ಆರಿಸುತ್ತೇವೆ.

ಗೀಸರಿನ ಲೆಕ್ಕ ಇನ್ನೂ ಸುಲಭ: 2000 ವ್ಯಾಟಿನದು ಅರ್ಧ ಗಂಟೆ ಕಾದರೆ ಒಂದು ಯೂನಿಟ್. ಎಲ್ಲರೂ ಒಬ್ಬರ ಹಿಂದೊಬ್ಬರು ಸ್ನಾನ ಮುಗಿಸಿದರೆ, ಕಾದ ನೀರು ತಣಿದು ಮತ್ತೆ ಕಾಯುವ ನಷ್ಟ ತಪ್ಪುತ್ತದೆ. ಬಲ್ಬುಗಳ ಬಗ್ಗೆ ತಲೆ ಕೆಡಿಸಿಕೊಳ್ಳಬೇಕಿಲ್ಲ, ಬಹುತೇಕ ಮನೆಗಳಲ್ಲಿ ಈಗಾಗಲೇ ಎಲ್‌ಇಡಿ ಇವೆ. ಫ್ಯಾನ್ ಬದಲಿಸುವ ಯೋಚನೆಯಿದ್ದರೆ ಮಾತ್ರ ಬಿಎಲ್‌ಡಿಸಿ (ಕಡಿಮೆ ಕರೆಂಟ್ ಬಳಸುವ ಮೋಟಾರಿನ) ಮಾದರಿಯನ್ನು ನೋಡಿ; 75 ವ್ಯಾಟಿನ ಜಾಗದಲ್ಲಿ 35 ವ್ಯಾಟಿನದು ದಿನಕ್ಕೆ ಹತ್ತು ಗಂಟೆ ತಿರುಗಿದರೆ ತಿಂಗಳಿಗೆ 12 ಯೂನಿಟ್ ಉಳಿಯುತ್ತದೆ.