ಎರಡು ಸಂಜೆಯಲ್ಲಿ ಸ್ಮೊಕ್ತುನೊವ್ಸ್ಕಿ: ಧಾರವಾಡದಲ್ಲಿ ಚಿತ್ರ ತೋರಿಸುವವರಿಗೆ

ಸೋವಿಯತ್ ಕಾಲದ ರಷ್ಯನ್ ನಟ ಇನ್ನೊಕೆಂತಿ ಸ್ಮೊಕ್ತುನೊವ್ಸ್ಕಿ ಎಂಥವನು ಅಂತ ಧಾರವಾಡದ ನಾಟಕದ ಮಂದಿಗೆ ತೋರಿಸಲು ಎರಡು ಚಿತ್ರ ಸಾಕು. ಮೊದಲ ಸಂಜೆ ಕೊಜಿಂತ್ಸೆವ್ ನಿರ್ದೇಶನದ ‘ಹ್ಯಾಮ್ಲೆಟ್’ (1964), ಮರುದಿನ ರಿಯಾಜಾನೊವ್ ನಿರ್ದೇಶನದ ‘ಬೆರೆಗೀಸ್ ಅವ್ತೊಮೊಬೀಲ್ಯಾ’ (1966), ಅಂದರೆ ‘ಕಾರು ಬಂತು, ಹುಷಾರ್’. ಈ ಕ್ರಮ ಅದಲುಬದಲು ಆಗಬಾರದು. ಎರಡನೆಯದರಲ್ಲಿ ಆತ ವಿಮಾ ಏಜೆಂಟ್ ದೆತೊಚ್ಕಿನ್. ಅಡ್ಡದಾರಿಯಲ್ಲಿ ದುಡ್ಡು ಮಾಡಿದವರ ಕಾರು ಕದ್ದು ಮಾರಿ, ಹಣವನ್ನು ಅನಾಥಾಲಯಗಳಿಗೆ ಕಳಿಸುತ್ತಾನೆ. ಬಿಡುವಿನಲ್ಲಿ ಹವ್ಯಾಸಿ ತಂಡದ ಹ್ಯಾಮ್ಲೆಟ್! ಬೆನ್ನು ಹತ್ತಿದ ಪತ್ತೇದಾರನೇ ಅಲ್ಲಿ ಲೇಯರ್ಟಿಸ್, ಅಂದರೆ ಹ್ಯಾಮ್ಲೆಟ್‌ನ ಎದುರಾಳಿ. ಹಿಂದಿನ ದಿನ ಅಸಲಿ ಹ್ಯಾಮ್ಲೆಟ್ ನೋಡಿದವರಿಗಷ್ಟೇ ಈ ತಮಾಷೆ ಪೂರ್ತಿ ದಕ್ಕುತ್ತದೆ.

ಯೂಟ್ಯೂಬಿನಲ್ಲಿ ಸಿಕ್ಕಿತು ಅಂದಮಾತ್ರಕ್ಕೆ ಸಾರ್ವಜನಿಕವಾಗಿ ತೋರಿಸುವಂತಿಲ್ಲ. ಮೊದಲನೆಯದು ಲೆನ್‌ಫಿಲ್ಮ್ ಸ್ಟುಡಿಯೋದ್ದು, ಎರಡನೆಯದು ಮಾಸ್‌ಫಿಲ್ಮ್ ಸ್ಟುಡಿಯೋದ್ದು. ಅನುಮತಿಗೆ ಮುಂಚಿತವಾಗಿಯೇ ಬರೆಯಿರಿ.

ಚಿತ್ರಕ್ಕೆ ಮೊದಲು ಎಂಟು ನಿಮಿಷದ ಪರಿಚಯ ಸಾಕು, ಹತ್ತು ದಾಟಿದರೆ ಕುರ್ಚಿಗಳು ಕಿರುಗುಟ್ಟಲು ಶುರುಮಾಡುತ್ತವೆ. ಪ್ರಶಸ್ತಿಗಳ ಪಟ್ಟಿ ಓದಬೇಡಿ. 1965ರ ಲೆನಿನ್ ಪ್ರಶಸ್ತಿ ಒಂದನ್ನು ಹೇಳಿದರೆ ಆಯಿತು. ಹೇಳಬೇಕಾದ್ದು ಬೇರೆ ಇದೆ. 1925ರಲ್ಲಿ ಸೈಬೀರಿಯಾದ ತೋಮ್ಸ್ಕ್ ಕಡೆಯ ಹಳ್ಳಿಯಲ್ಲಿ ಹುಟ್ಟಿದವನು. ಯುದ್ಧದಲ್ಲಿ ಜರ್ಮನ್ನರಿಗೆ ಸೆರೆ ಸಿಕ್ಕು ತಪ್ಪಿಸಿಕೊಂಡ. ಆಮೇಲೆ ಧ್ರುವವೃತ್ತದಾಚೆಯ ನೊರೀಲ್ಸ್ಕ್ ಊರಿನ ರಂಗಮಂದಿರದಲ್ಲಿ ವರ್ಷಗಟ್ಟಲೆ ದುಡಿದ. 1957ರಲ್ಲಿ ಲೆನಿನ್‌ಗ್ರಾದ್‌ನಲ್ಲಿ ನಿರ್ದೇಶಕ ತೊವ್‌ಸ್ತನೋಗೊವ್ ಆಡಿಸಿದ ‘ಈಡಿಯಟ್’ ನಾಟಕದ ಮಿಶ್ಕಿನ್ ಪಾತ್ರದಿಂದ ಹೆಸರು ಬಂತು. ಹ್ಯಾಮ್ಲೆಟ್ ತೆರೆಗೆ ಬಂದಾಗ ವಯಸ್ಸು 39. ನೊರೀಲ್ಸ್ಕ್‌ನಲ್ಲಿ ಜೊತೆಗಿದ್ದ ಗಡೀಪಾರಾದ ನಟ ಗಿಯೋರ್ಗಿ ಜ್ಝೊನೊವ್ ಹೆಸರನ್ನು ಮರೆಯದೆ ಹೇಳಿ: ಎರಡನೇ ದಿನದ ಚಿತ್ರದಲ್ಲಿ ದೆತೊಚ್ಕಿನ್‌ನ ಬೆನ್ನಟ್ಟುವ ಟ್ರಾಫಿಕ್ ಪೊಲೀಸ್ ಅವನೇ.

ಹೆಚ್ಚು ಕೆಲಸ ಹಿಡಿಯುವುದು ಕನ್ನಡ ಸಬ್‌ಟೈಟಲ್. ಹ್ಯಾಮ್ಲೆಟ್‌ನ ಮಾತು ಕವಿ ಪಾಸ್ತರ್ನಾಕ್ ಮಾಡಿದ ರಷ್ಯನ್ ಅನುವಾದ, ಅದೂ ಕತ್ತರಿಸಿದ್ದು. ಎಷ್ಟೋ ಪ್ರತಿಗಳಲ್ಲಿ ಇಂಗ್ಲಿಷ್ ಸಬ್‌ಟೈಟಲ್ ಆಗಿ ಶೇಕ್ಸ್‌ಪಿಯರನ ಮೂಲ ಸಾಲುಗಳನ್ನೇ ಅಂಟಿಸಿರುತ್ತಾರೆ. ಅದನ್ನು ನೋಡಿ ಕನ್ನಡಕ್ಕೆ ತಂದರೆ ಸಾಲು ಉದ್ದವಾಗಿ, ಓದಿ ಮುಗಿಯುವಷ್ಟರಲ್ಲಿ ಮುಖ ತಪ್ಪಿಹೋಗುತ್ತದೆ. ಒಮ್ಮೆಗೆ ಎರಡೇ ಸಾಲು, ಸಾಲಿಗೆ 30 ಅಕ್ಷರದೊಳಗೆ, ತೆರೆಯ ಮೇಲೆ ಕನಿಷ್ಠ ಎರಡು ಸೆಕೆಂಡು. ‘ಇರುವುದೋ ಇಲ್ಲವಾಗುವುದೋ’ ಸ್ವಗತದಲ್ಲಿ ಆತ ಕಡಲ ದಂಡೆಯಲ್ಲಿ ನಡೆಯುತ್ತಾನೆ, ತುಟಿ ಅಲುಗುವುದಿಲ್ಲ, ದನಿ ಮಾತ್ರ. ಅಲ್ಲಿ ಇನ್ನೂ ಕಡಿಮೆ ಅಕ್ಷರ ಇಡಿ.

‘ನುಡಿ’ ತಂತ್ರಾಂಶದ ಹಳೇ ಫಾಂಟಿನಲ್ಲಿ ಟೈಪ್ ಮಾಡಿದ್ದು ತೆರೆ ಮೇಲೆ ಕಸದಂತೆ ಕಾಣುತ್ತದೆ. ಯೂನಿಕೋಡಿಗೆ ಬದಲಿಸಿ, ಸಬ್‌ಟೈಟಲ್ ಇರುವ ಎಸ್‌ಆರ್‌ಟಿ ಫೈಲನ್ನು ಯುಟಿಎಫ್-8ರಲ್ಲಿ ಉಳಿಸಿ. ಚಿತ್ರ ಓಡಿಸುವ ವಿಎಲ್‌ಸಿ ಪ್ಲೇಯರಿನಲ್ಲಿ ಒತ್ತಕ್ಷರ ಒಡೆದರೆ ಫಾಂಟ್ ಆಗಿ ನೋಟೊ ಸಾನ್ಸ್ ಕನ್ನಡ ಆರಿಸಿ.

ಸಾಲುಗಳು ಶುರುವಿಗೆ ಹೊಂದಿ, ಬರಬರುತ್ತಾ ಜಾರಿದರೆ ಕಾರಣ ಫ್ರೇಮ್ ವೇಗ. ಚಿತ್ರ ಸೆಕೆಂಡಿಗೆ 24 ಫ್ರೇಮಿನದು. ಯುರೋಪಿನ ಡಿವಿಡಿಗಳು 25ರಲ್ಲಿ ಓಡುತ್ತವೆ. 140 ನಿಮಿಷದ ಚಿತ್ರ ಸುಮಾರು 134ಕ್ಕೆ ಮುಗಿಯುತ್ತದೆ, ಅಂದರೆ ಕೊನೆಗೆ ಐದೂವರೆ ನಿಮಿಷದ ವ್ಯತ್ಯಾಸ. ವಿಎಲ್‌ಸಿಯಲ್ಲಿ ಜಿ, ಎಚ್ ಒತ್ತುತ್ತಾ ಕೂತರೆ ಇದು ಸರಿಹೋಗದು, ಆ ಕೀಲಿಗಳು ಎಲ್ಲ ಸಾಲನ್ನೂ ಒಂದೇ ಅಳತೆಯಲ್ಲಿ ಸರಿಸುತ್ತವೆ ಅಷ್ಟೆ. ‘ಸಬ್‌ಟೈಟಲ್ ಎಡಿಟ್’ ಎಂಬ ತಂತ್ರಾಂಶದಲ್ಲಿ ಫ್ರೇಮ್ ರೇಟ್ ಬದಲಿಸಿ, ಚಿತ್ರದ ಕೊನೇ ಹತ್ತು ನಿಮಿಷ ಓಡಿಸಿ ನೋಡಿ.

ಹ್ಯಾಮ್ಲೆಟ್ ಅಗಲ ತೆರೆಯ ಕಪ್ಪು-ಬಿಳುಪು ಚಿತ್ರ. ಬಾಗಿಲು ಸಂದಿಯ ಬೆಳಕೂ ಕೋಟೆಯ ನೆರಳುಗಳನ್ನು ನುಂಗುತ್ತದೆ. ಕಿಟಕಿಗೆ ದಪ್ಪ ಪರದೆ ಹಾಕಿ, ಇಲ್ಲವೇ ಕತ್ತಲಾದ ಮೇಲೆ ಶುರುಮಾಡಿ. ಆದರೆ ಮಳೆಗಾಲದಲ್ಲಿ ತಗಡಿನ ಹಾಲ್ ಬೇಡವೇ ಬೇಡ. ಕೊಳಲು ಹಿಡಿದು ಗೆಳೆಯರನ್ನು ತರಾಟೆಗೆ ತೆಗೆದುಕೊಳ್ಳುವ ದೃಶ್ಯದಲ್ಲಿ ಆತನ ದನಿಯ ಏರಿಳಿತವೇ ಅಭಿನಯ, ಅದು ಮಳೆ ಸದ್ದಿನಲ್ಲಿ ಮುಳುಗಿಹೋಗುತ್ತದೆ. ಹುಬ್ಬಳ್ಳಿಗೆ ಚಿಗರಿ ಬಸ್ ಹಿಡಿಯುವವರು ನಡುವೆ ಎದ್ದು ಹೋಗದಂತೆ, ಹ್ಯಾಮ್ಲೆಟ್ ಸಂಜೆಗೆ ಪರಿಚಯ, ಚಹಾ ಸೇರಿ 165 ನಿಮಿಷ ಅಂತ ಹಿಡಿದು, ಮುಗಿಯುವ ಹೊತ್ತನ್ನು ಕರಪತ್ರದಲ್ಲೇ ಹಾಕಿಸಿ.